ನಾಲ್ಕು ಲಕ್ಷಕ್ಕೆ ಸಹಿ ಮಾಡಬಹುದಾ?

ಪ್ರಶ್ನೆ: ನಾವು ಗದಗ ತಾಲೂಕಿನ ಹಳ್ಳಿಯವರು. ನನ್ನ ತಂಗಿಯ ಗಂಡ ಹುಬ್ಬಳ್ಳಿಯಲ್ಲಿ ಟೈಲ್ಸ್ ಕೂಡಿಸುವ ಕೆಲಸ ಮಾಡುತ್ತಿದ್ದರು. ವಯಸ್ಸು 33. ಮೂರು ತಿಂಗಳ ಹಿಂದೆ ರಾತ್ರಿ ಕೆಲಸ ಮುಗಿಸಿ ತಮ್ಮ ಬೈಕಿನಲ್ಲಿ ಊರಿಗೆ ಬರುತ್ತಿದ್ದರು. ಅಣ್ಣಿಗೇರಿ ದಾಟಿದ ಮೇಲೆ ರಸ್ತೆ ಮೇಲೆ ನಿಲ್ಲಿಸಿದ್ದ ಲಾರಿಗೆ ಹಿಂದಿನಿಂದ ಗುದ್ದಿ ತೀರಿಕೊಂಡರು. ಲಾರಿಗೆ ಲೈಟ್ ಇರಲಿಲ್ಲ. ಇವರಿಗೆ ಹೆಲ್ಮೆಟ್ ಇರಲಿಲ್ಲ. ಪೊಲೀಸರು ಲಾರಿ ಡ್ರೈವರ್ ಮೇಲೆ ಎಫ್‌ಐಆರ್ ಮಾಡಿದ್ದಾರೆ. ಈಗ ಲಾರಿ ಮಾಲೀಕರ ಕಡೆಯವರು ಬಂದು, “ತಪ್ಪು ನಿಮ್ಮವನದೇ, ಕೋರ್ಟಿಗೆ ಹೋದರೆ ಏನೂ ಸಿಗಲ್ಲ, ನಾಲ್ಕು ಲಕ್ಷ ಕೊಡ್ತೀವಿ, ಸ್ಟಾಂಪ್ ಪೇಪರ್ ಮೇಲೆ ಸಹಿ ಹಾಕಿ” ಅಂತಾರೆ. ಸಂಬಳದ ಚೀಟಿ ಯಾವುದೂ ಇಲ್ಲ. ತಂಗಿಗೆ ಇಬ್ಬರು ಸಣ್ಣ ಮಕ್ಕಳು, ಅತ್ತೆ ಜೊತೆಗಿದ್ದಾರೆ. ಬೀಗರು “ಕೇಸು ನಾವೇ ಹಾಕ್ತೀವಿ” ಅಂತಾರೆ. ಏನು ಮಾಡಬೇಕು?

ಉತ್ತರ: ಸಹಿ ಮಾಡಬೇಡಿ. ಉಳಿದದ್ದನ್ನು ನಿಧಾನವಾಗಿ ಹೇಳುತ್ತೇನೆ.

ಮನೆಯಲ್ಲಿ ದುಡಿಯುವವನು ಹೋದ ಮೂರನೇ ತಿಂಗಳು ಬಹಳ ಕಷ್ಟದ ತಿಂಗಳು. ದಿನಕರ್ಮ ಮುಗಿದಿರುತ್ತದೆ, ನೆಂಟರು ಬರುವುದು ನಿಂತಿರುತ್ತದೆ, ಸಂಘದ ಕಂತು ಮಾತ್ರ ವಾರವಾರ ಬರುತ್ತದೆ. ಇಂಥ ರಾಜಿ ಮಾತು ಬರುವುದು ಸರಿಯಾಗಿ ಆಗಲೇ. ಹುಬ್ಬಳ್ಳಿ, ಗದಗ ಕೋರ್ಟುಗಳಲ್ಲಿ ಎಂವಿಸಿ ಕೇಸು, ಅಂದರೆ ವಾಹನ ಅಪಘಾತದ ಪರಿಹಾರದ ಕೇಸು ನಡೆಸುತ್ತ ನಾನು ಇದನ್ನು ಎಷ್ಟು ಸಲ ನೋಡಿದ್ದೇನೆ ಅಂದರೆ, ಆ ಸ್ಟಾಂಪ್ ಪೇಪರಿನಲ್ಲಿ ಏನು ಬರೆದಿರುತ್ತದೆ ಅಂತ ಓದದೆಯೇ ಹೇಳಬಲ್ಲೆ. “ಮುಂದೆ ಯಾವುದೇ ತಕರಾರು ಇರುವುದಿಲ್ಲ” ಅನ್ನುವ ಸಾಲು ಕೊನೆಗೆ ಇದ್ದೇ ಇರುತ್ತದೆ.

ಒಂದು ವಿಷಯ ಮೊದಲೇ ತಿಳಿದಿರಲಿ. ನಿಮ್ಮ ಮನೆಯ ಪರಿಹಾರದಲ್ಲಿ ದೊಡ್ಡ ಪಾಲು ಇಬ್ಬರು ಮಕ್ಕಳದ್ದು. ಅಪ್ರಾಪ್ತ ಮಕ್ಕಳ ಹಕ್ಕನ್ನು ಕೋರ್ಟಿನ ಒಪ್ಪಿಗೆ ಇಲ್ಲದೆ ಹೊರಗೆ ಕೂತು ರಾಜಿ ಮಾಡಿಕೊಳ್ಳಲು ತಾಯಿಗೂ ಅಧಿಕಾರ ಇಲ್ಲ, ಸೋದರಮಾವನಾದ ನಿಮಗೂ ಇಲ್ಲ. ಹಾಗಿದ್ದರೂ ಆ ಕಾಗದ ನಾಳೆ ನಿಮ್ಮ ಕೇಸಿಗೆ ಅಡ್ಡ ಬರುತ್ತದೆ. “ಇವರೇ ತಪ್ಪು ಒಪ್ಪಿ ಹಣ ತಗೊಂಡಿದ್ದಾರೆ” ಅಂತ ಇನ್ಶೂರೆನ್ಸ್ ವಕೀಲರು ಅದನ್ನೇ ಎತ್ತಿ ತೋರಿಸುತ್ತಾರೆ.

ನಾಲ್ಕು ಲಕ್ಷ ಎಷ್ಟು ಕಡಿಮೆ ಅನ್ನುವುದಕ್ಕೆ ಒಂದೇ ಮಾತು ಸಾಕು. ಮೋಟಾರು ವಾಹನ ಕಾಯ್ದೆಯ 164ನೇ ಕಲಮಿನ ಪ್ರಕಾರ, ಯಾರ ತಪ್ಪು ಅಂತ ಸಾಬೀತು ಮಾಡದೆಯೂ ಸಾವಿಗೆ 5 ಲಕ್ಷ ಕೇಳಬಹುದು. 2022ರ ಏಪ್ರಿಲ್ 1ರಿಂದ ಇದು ಜಾರಿಯಲ್ಲಿದೆ. ಅಂದರೆ ಅವರು ಕೊಡಲು ಬಂದದ್ದು ಆ ಮೊತ್ತಕ್ಕಿಂತಲೂ ಕಡಿಮೆ! ಆದರೆ ಅವಸರ ಮಾಡಿ ಆ 5 ಲಕ್ಷಕ್ಕೂ ಕೈ ಚಾಚಬೇಡಿ. ಇನ್ಶೂರೆನ್ಸ್ ಕಂಪನಿ ಆ ಕಲಮಿನ ಅಡಿ ಕೊಟ್ಟದ್ದನ್ನು ಒಪ್ಪಿಕೊಂಡರೆ ಕೋರ್ಟಿನಲ್ಲಿ ಹಾಕಿದ ದೊಡ್ಡ ಕ್ಲೇಮು ಬಿದ್ದುಹೋಗುತ್ತದೆ. ನೀವು ಹೋಗಬೇಕಾದ್ದು 166ನೇ ಕಲಮಿನ ದಾರಿಯಲ್ಲಿ. ಅಲ್ಲಿ ಲಾರಿಯವರ ತಪ್ಪು ತೋರಿಸಬೇಕು, ಆದರೆ ಮೊತ್ತಕ್ಕೆ ಮೇಲ್ಮಿತಿ ಇಲ್ಲ.

ಈಗ ಲೆಕ್ಕ. ಇದನ್ನು ತಂಗಿಗೂ ಕೂರಿಸಿಕೊಂಡು ತಿಳಿಸಿ. ಈ ಲೆಕ್ಕ ಗೊತ್ತಿರುವ ಮನೆಯವರನ್ನು ಯಾರೂ ಸುಲಭವಾಗಿ ಯಾಮಾರಿಸಲಾರರು. ಇದರ ಸೂತ್ರ ಸುಪ್ರೀಂ ಕೋರ್ಟಿನ ಎರಡು ತೀರ್ಪುಗಳಿಂದ ಬಂದದ್ದು, 2009ರ ಸರಳಾ ವರ್ಮಾ ಮತ್ತು 2017ರ ಪ್ರಣಯ್ ಸೇಥಿ. ತಿಂಗಳ ಆದಾಯ 15,000 ಅಂತ ಕೋರ್ಟು ಒಪ್ಪಿತು ಅಂದುಕೊಳ್ಳಿ. ಬದುಕಿದ್ದರೆ ಮುಂದೆ ಕೂಲಿ ಹೆಚ್ಚುತ್ತಿತ್ತಲ್ವಾ? ಅದಕ್ಕೆ, 40 ವರ್ಷದೊಳಗಿನ ಸ್ವಂತ ದುಡಿಮೆಯವರಿಗೆ ಶೇ 40 ಸೇರಿಸುತ್ತಾರೆ. 21,000 ಆಯಿತು. ಸ್ವಂತ ಖರ್ಚು ಅಂತ ಒಂದಿಷ್ಟು ಕಳೆಯುತ್ತಾರೆ. ಹೆಂಡತಿ, ಎರಡು ಮಕ್ಕಳು, ತಾಯಿ ಸೇರಿ ನಾಲ್ಕು ಜನ ಅವರನ್ನೇ ನಂಬಿದ್ದರು. ನಾಲ್ಕರಿಂದ ಆರು ಜನ ಇದ್ದರೆ ಕಾಲು ಭಾಗ ಕಡಿತ. ಉಳಿದದ್ದು 15,750. ವರ್ಷಕ್ಕೆ 1,89,000. ಇನ್ನು ವಯಸ್ಸಿನ ಗುಣಕ. 31ರಿಂದ 35ರ ಒಳಗಿದ್ದರೆ 16. ಗುಣಿಸಿದರೆ 30,24,000.

ಇದರ ಮೇಲೆ ಸಂಗಾತಿಯನ್ನು, ತಂದೆಯನ್ನು, ಮಗನನ್ನು ಕಳೆದುಕೊಂಡದ್ದಕ್ಕೆ ಅಂತ ಒಬ್ಬೊಬ್ಬರಿಗೂ ಒಂದು ಮೊತ್ತ ಇದೆ. 2017ರಲ್ಲಿ 40,000 ಇತ್ತು. ಮೂರು ವರ್ಷಕ್ಕೊಮ್ಮೆ ಶೇ 10 ಏರಿಸಿ ಅಂತ ಆ ತೀರ್ಪಿನಲ್ಲೇ ಇದೆ. 2020 ಮತ್ತು 2023ರ ಏರಿಕೆ ಸೇರಿದರೆ 48,400. ನಾಲ್ಕು ಜನಕ್ಕೆ 1,93,600. ಅಂತ್ಯಕ್ರಿಯೆಗೆ 18,150, ಆಸ್ತಿ ನಷ್ಟ ಅನ್ನುವ ಬಾಬ್ತಿಗೆ 18,150. ಎಲ್ಲ ಕೂಡಿದರೆ 32,53,900. ಆಸ್ಪತ್ರೆ ಬಿಲ್ ಇದ್ದರೆ ಅದು ಬೇರೆ. ಅರ್ಜಿ ಹಾಕಿದ ದಿನದಿಂದ ಬಡ್ಡಿ ಬೇರೆ, ನಮ್ಮ ಕಡೆ ಸಾಮಾನ್ಯವಾಗಿ ವರ್ಷಕ್ಕೆ ಶೇ 6 ಹಾಕುತ್ತಾರೆ.

ಇಷ್ಟೇ ಸಿಗುತ್ತದೆ ಅಂತ ನಾನು ಬರೆದುಕೊಡುತ್ತಿಲ್ಲ. ಎರಡು ಕಡೆ ಇದು ಏರುಪೇರಾಗುತ್ತದೆ. ಒಂದು ಆದಾಯ, ಇನ್ನೊಂದು ತಪ್ಪಿನ ಪಾಲು. ನಿಮ್ಮ ಕೇಸು ನಿಂತಿರುವುದು ಈ ಎರಡರ ಮೇಲೆಯೇ.

ಆದಾಯದ ಮಾತು ನೋಡೋಣ. ಮೇಲಿನ ಲೆಕ್ಕದಲ್ಲಿ ತಿಂಗಳ ಆದಾಯ ಬರೀ ಒಂದು ಸಾವಿರ ಜಾಸ್ತಿ ಸಾಬೀತಾದರೆ ಪರಿಹಾರ 2,01,600 ಹೆಚ್ಚಾಗುತ್ತದೆ. ಹೌದು, ಒಂದು ಸಾವಿರಕ್ಕೆ ಎರಡು ಲಕ್ಷ. ಕಾಗದ ಏನೂ ಇಲ್ಲದಿದ್ದರೆ ಕೋರ್ಟು ಒಂದು ಅಂದಾಜು ಆದಾಯ ಹಿಡಿಯುತ್ತದೆ. ಅಪಘಾತ ಆದ ವರ್ಷಕ್ಕೆ ತಕ್ಕಂತೆ ಲೋಕ ಅದಾಲತ್ತಿಗೆ ಅಂತ ನಮ್ಮ ರಾಜ್ಯದಲ್ಲಿ ಒಂದು ಪಟ್ಟಿ ಇದೆ, ಅದನ್ನೇ ನೋಡಿ ಹಾಕುತ್ತಾರೆ. ಆದರೆ ಒಳ್ಳೆ ಟೈಲ್ಸ್ ಕೆಲಸಗಾರನ ದುಡಿಮೆ ಸಾಮಾನ್ಯ ಕೂಲಿಗಿಂತ ಹೆಚ್ಚಿರುತ್ತದೆ. ಅದನ್ನು ತೋರಿಸುವುದು ನಿಮ್ಮ ಕೆಲಸ.

ಸಂಬಳದ ಚೀಟಿ ಇಲ್ಲ ಅಂದಿರಿ. ಗಾರೆ, ಟೈಲ್ಸ್, ಪೇಂಟಿಂಗ್ ಕೆಲಸದವರಲ್ಲಿ ಯಾರಿಗೂ ಇರುವುದಿಲ್ಲ. ಆದರೆ ಮೇಸ್ತ್ರಿ ಹತ್ತಿರ ಹಾಜರಿ ಬರೆಯುವ ನೋಟ್‌ಬುಕ್ ಇರುತ್ತದೆ. ಕೆಲವು ವರ್ಷದ ಹಿಂದೆ ಒಂದು ಕೇಸಿನಲ್ಲಿ ಅಂಥದ್ದೊಂದನ್ನು ಕೋರ್ಟಿಗೆ ತಂದಿದ್ದೆವು. ನೂರು ಪುಟದ ಶಾಲೆ ನೋಟ್‌ಬುಕ್. ಅಂಚಿಗೆಲ್ಲ ಸಿಮೆಂಟ್ ಹತ್ತಿ ಹಾಳೆ ಒಂದಕ್ಕೊಂದು ಅಂಟಿಕೊಂಡಿತ್ತು. ಹೆಸರಿನ ಮುಂದೆ ದಿನಕ್ಕೊಂದು ಗೀಟು, ಅರ್ಧ ದಿನಕ್ಕೆ ಅರ್ಧ ಗೀಟು, ಶನಿವಾರದ ಮನೆಯಲ್ಲಿ ಉಚ್ಚಲು (ಮುಂಗಡ) ಎಷ್ಟು, ಬಟವಾಡೆ ಎಷ್ಟು. ಅದರಲ್ಲಿ ಒಂದು ಕಡೆ ‘ಮಗಳ ಫೀ 3000 ಮುಂಗಡ’ ಅಂತ ಬರೆದಿತ್ತು. ಕಂಪ್ಯೂಟರಿನಲ್ಲಿ ಟೈಪ್ ಮಾಡಿಸಿ ತಂದ ‘ಸಂಬಳ ಪ್ರಮಾಣಪತ್ರ’ವನ್ನು ಯಾರೂ ನಂಬುವುದಿಲ್ಲ. ಅಂಥ ನೋಟ್‌ಬುಕ್ಕನ್ನು ನಂಬುತ್ತಾರೆ. ಮೇಸ್ತ್ರಿ ತಾನೇ ಬಂದು ಸಾಕ್ಷಿ ಹೇಳಬೇಕು, ಅಷ್ಟೇ.

ಜೊತೆಗೆ ಬ್ಯಾಂಕ್ ಪಾಸ್‌ಬುಕ್, ಕಟ್ಟಡ ಕಾರ್ಮಿಕರ ಕಾರ್ಡು, ಬೈಕಿನ ಸಾಲದ ಕಂತು, ತಂಗಿಯ ಹೆಸರಿನಲ್ಲಿ ಸಂಘಕ್ಕೆ ಕಟ್ಟಿದ ಲೆಕ್ಕ. ತಿಂಗಳಿಗೆ ಎಂಟು ಸಾವಿರ ಬರೀ ಕಂತು ಕಟ್ಟುವವನ ಆದಾಯ ಹತ್ತು ಸಾವಿರ ಇರಲಾರದು ಅಂತ ವಾದ ಮಾಡಬಹುದು.

ತಂಗಿಗೆ ಒಂದು ಎಚ್ಚರಿಕೆ ಹೇಳಿ. ಪಾಟೀಸವಾಲಿನಲ್ಲಿ, ಅಂದರೆ ಎದುರಿನ ವಕೀಲರು ಪ್ರಶ್ನೆ ಕೇಳುವಾಗ, ಬಹಳ ಮೆತ್ತಗೆ ಒಂದು ಮಾತು ಕೇಳುತ್ತಾರೆ: “ಯಜಮಾನರು ನಿಮ್ಮ ಕೈಗೆ ತಿಂಗಳಿಗೆ ಎಷ್ಟು ಕೊಡ್ತಿದ್ದರಮ್ಮಾ?” ಹೆಣ್ಣುಮಕ್ಕಳು ಪಾಪ, ಇದ್ದದ್ದು ಹೇಳುತ್ತಾರೆ, “ಆರು ಸಾವಿರ ಕೊಡ್ತಿದ್ರು” ಅಂತ. ಅದು ಸಂತೆಗೆ, ಹಾಲಿಗೆ, ಗ್ಯಾಸಿಗೆ ಕೊಟ್ಟ ಹಣ. ಬಾಡಿಗೆ, ಕಂತು, ಅಮ್ಮನ ಔಷಧ ಅವರೇ ಕಟ್ಟುತ್ತಿದ್ದರು. ಆದರೆ ಸಾಕ್ಷಿ ಹಾಳೆಯಲ್ಲಿ ‘ಆರು ಸಾವಿರ’ ಅಂತ ಒಂದೇ ಅಂಕಿ ಕೂತುಬಿಡುತ್ತದೆ. ಸುಳ್ಳು ಹೇಳಿ ಅಂತ ನಾನು ಹೇಳುತ್ತಿಲ್ಲ. ಪೂರ್ತಿ ಹೇಳಿ ಅಂತ ಹೇಳುತ್ತಿದ್ದೇನೆ. ಕೈಗೆ ಇಷ್ಟು, ಅವರೇ ಕಟ್ಟುತ್ತಿದ್ದದ್ದು ಇಷ್ಟು.

ಇನ್ನು ಆ ನಿಂತ ಲಾರಿ. “ಹಿಂದಿನಿಂದ ಗುದ್ದಿದವನದೇ ತಪ್ಪು” ಅನ್ನುವ ಮಾತು ಕಟ್ಟೆ ಮೇಲೆ ಕೂತು ಹೇಳಲು ಚೆನ್ನಾಗಿದೆ. ಕಾನೂನು ಹಾಗಿಲ್ಲ. ಅಪಾಯ ಆಗುವ ಹಾಗೆ ರಸ್ತೆಯಲ್ಲಿ ಗಾಡಿ ಬಿಟ್ಟುಹೋಗಬಾರದು ಅಂತ ಅದೇ ಕಾಯ್ದೆಯ 122ನೇ ಕಲಮು ಹೇಳುತ್ತದೆ. 2024ರ ಸೆಪ್ಟೆಂಬರಿನಲ್ಲಿ ಸುಪ್ರೀಂ ಕೋರ್ಟು ಇಂಥದ್ದೇ ಒಂದು ಪ್ರಕರಣ ನೋಡಿತು. ರಾತ್ರಿ, ಹೆದ್ದಾರಿ, ಸಿಗ್ನಲ್ ಲೈಟ್ ಇಲ್ಲದೆ ನಿಲ್ಲಿಸಿದ ಲಾರಿ, ಅದಕ್ಕೆ ಗುದ್ದಿದ ಕಾರು. ಕಾರಿನವನದೂ ಅರ್ಧ ತಪ್ಪು ಅಂತ ಕೆಳಗೆ ಆಗಿದ್ದ ತೀರ್ಮಾನವನ್ನು ತೆಗೆದುಹಾಕಿ, ಲಾರಿ ಕಡೆಯವರನ್ನೇ ಪೂರ್ತಿ ಹೊಣೆ ಮಾಡಿತು. ನಿಮ್ಮ ವಕೀಲರಿಗೆ ಈ ತೀರ್ಪು ಗೊತ್ತಿರುತ್ತದೆ, ಇಲ್ಲದಿದ್ದರೆ ಹುಡುಕಲು ಹೇಳಿ.

ನಮ್ಮ ಭಾಗದವರಿಗೆ ನಿಂತ ಲಾರಿಯ ಅಪಾಯ ಬಿಡಿಸಿ ಹೇಳಬೇಕಿಲ್ಲ. 2024ರ ಜೂನ್ 28ರ ನಸುಕಿನಲ್ಲಿ ಬ್ಯಾಡಗಿ ತಾಲೂಕಿನ ಗುಂಡೇನಹಳ್ಳಿ ಕ್ರಾಸ್ ಹತ್ತಿರ ನಿಂತ ಲಾರಿಗೆ ಟೆಂಪೊ ಟ್ರಾವೆಲರ್ ಗುದ್ದಿ 13 ಜನ ಹೋದರು. ಸವದತ್ತಿ ಯಲ್ಲಮ್ಮನ ದರ್ಶನ ಮುಗಿಸಿ ಭದ್ರಾವತಿ ಕಡೆಗೆ ಮರಳುತ್ತಿದ್ದವರು. ಸುಗ್ಗಿ ಕಾಲದಲ್ಲಿ ಹೊಟ್ಟು ತುಂಬಿದ ಟ್ರ್ಯಾಕ್ಟರುಗಳಂತೂ ಹಿಂದೆ ಒಂದು ಕೆಂಪು ದೀಪ ಕೂಡ ಇಲ್ಲದೆ ಹೋಗುತ್ತವೆ. ಒಂದು ಅಂಗೈ ಅಗಲದ ರಿಫ್ಲೆಕ್ಟರ್ ಪಟ್ಟಿಗೆ ಎಷ್ಟು ರೂಪಾಯಿ ಆದೀತು ಹೇಳಿ. ಇರಲಿ, ಮಾತು ಬೇರೆ ಕಡೆ ಹೋಯಿತು.

ಕೋರ್ಟು ಲಾರಿಯ ತಪ್ಪು ಅಳೆಯುವುದು ಮೂರು ಕಾಗದ ನೋಡಿ. ಸ್ಥಳ ಪಂಚನಾಮೆ, ಪೊಲೀಸರು ಬರೆದ ಸ್ಕೆಚ್, ಮೋಟಾರು ವಾಹನ ಇನ್‌ಸ್ಪೆಕ್ಟರ್ ಕೊಡುವ ಐಎಂವಿ ರಿಪೋರ್ಟ್. ಈ ಮೂರನ್ನೂ ಚಾರ್ಜ್‌ಶೀಟ್ ಬರುವವರೆಗೂ ಕಾಯದೆ ಕೇಳಿ ಪಡೆಯಿರಿ. ಸ್ಕೆಚ್ಚಿನಲ್ಲಿ ಲಾರಿ ಡಾಂಬರಿನ ಮೇಲೆ ಎಷ್ಟು ಅಡಿ ಇತ್ತು, ಮಣ್ಣಿನ ಮೇಲೆ ಎಷ್ಟು ಅಡಿ ಇತ್ತು ನೋಡಿ. ಐಎಂವಿ ರಿಪೋರ್ಟಿನಲ್ಲಿ ಹಿಂದಿನ ದೀಪ, ರಿಫ್ಲೆಕ್ಟರ್ ಬಗ್ಗೆ ಏನು ಬರೆದಿದ್ದಾರೆ ನೋಡಿ. ಲಾರಿ ಕೆಟ್ಟು ನಿಂತಿತ್ತು ಅಂತ ಅವರು ಹೇಳಬಹುದು. ಕೆಟ್ಟು ನಿಂತರೂ ಇಂಡಿಕೇಟರ್ ಹಾಕಬೇಕು, ತ್ರಿಕೋನದ ಫಲಕ ಇಡಬೇಕು. ನಮ್ಮ ರಸ್ತೆಗಳಲ್ಲಿ ನಾಲ್ಕು ಕಲ್ಲು, ಒಂದು ಗಿಡದ ಟೊಂಗೆ ಇಟ್ಟು ಮಲಗಿಬಿಡುತ್ತಾರೆ. ಆ ರಾತ್ರಿ ನಿಮ್ಮವರನ್ನು ಎತ್ತಿದವರು, ಆಂಬುಲೆನ್ಸಿಗೆ ಫೋನ್ ಮಾಡಿದವರು ಅಣ್ಣಿಗೇರಿ ಕಡೆ ಯಾರೋ ಇರುತ್ತಾರೆ. ಹೋಗಿ ಮಾತಾಡಿಸಿ. ಅಂಥ ಸಮಯದಲ್ಲಿ ಜನ ಮೊಬೈಲಿನಲ್ಲಿ ಫೋಟೊ ತೆಗೆದಿರುತ್ತಾರೆ. ಆ ಫೋಟೊದಲ್ಲಿ ಲಾರಿಯ ಹಿಂಭಾಗ ಕಂಡರೆ ಅದೇ ದೊಡ್ಡ ಸಾಕ್ಷಿ.

ಹೆಲ್ಮೆಟ್ ವಿಷಯ ಮುಚ್ಚಿಡಬೇಡಿ. ಹೆಲ್ಮೆಟ್ ಇರಲಿಲ್ಲ ಅಂತ ಅಪಘಾತ ಆಗಲಿಲ್ಲ, ಲಾರಿ ನಿಂತಿತ್ತು ಅಂತ ಆಯಿತು. ಇದು ನಿಮ್ಮ ವಾದ. ತಲೆಗೇ ಪೆಟ್ಟಾಗಿ ಸತ್ತಿದ್ದರೆ ಸ್ವಲ್ಪ ಪಾಲು ಕಡಿಯುವ ನ್ಯಾಯಾಧೀಶರೂ ಇದ್ದಾರೆ. ವೇಗದ ಬಗ್ಗೆಯೂ ಇದೇ ತರಹ ಹಿಡಿಯುತ್ತಾರೆ. ಒಟ್ಟಾರೆ ಶೇ 30 ತಪ್ಪು ನಿಮ್ಮವರದು ಅಂತ ಆಯಿತು ಅನ್ನಿ. 32,53,900ರಲ್ಲಿ 9,76,170 ಹೋಗುತ್ತದೆ. ಹೋದರೂ ಉಳಿಯುವುದು 22 ಲಕ್ಷದ ಮೇಲೆ. ನಾಲ್ಕು ಲಕ್ಷದ ಜೊತೆ ಹೋಲಿಸಿ ನೋಡಿ.

ಈಗ ಗಡುವು. 2022ರ ಏಪ್ರಿಲ್‌ನಿಂದ ಅಪಘಾತ ಆದ ಆರು ತಿಂಗಳೊಳಗೆ ಅರ್ಜಿ ಹಾಕಬೇಕು ಅನ್ನುವ ನಿಯಮ ಬಂದಿದೆ. ಆ ನಿಯಮ ಸರಿಯೇ ಅನ್ನುವ ಪ್ರಶ್ನೆ ಸುಪ್ರೀಂ ಕೋರ್ಟಿಗೆ ಹೋಗಿ, ತಡವಾಯಿತು ಅಂತ ಅರ್ಜಿಗಳನ್ನು ವಜಾ ಮಾಡಬೇಡಿ ಎಂದು 2025ರ ನವೆಂಬರಿನಲ್ಲಿ ಮಧ್ಯಂತರ ಆದೇಶ ಆಗಿದೆ. ಅದನ್ನು ನಂಬಿ ಕೂರಬೇಡಿ. ಮಧ್ಯಂತರ ಅಂದರೆ ಮಧ್ಯಂತರವೇ. ನಿಮಗಿನ್ನೂ ಮೂರು ತಿಂಗಳು ಇದೆ, ಒಂದು ತಿಂಗಳಲ್ಲಿ ಹಾಕಿಬಿಡಿ. ಅಪಘಾತ ಧಾರವಾಡ ಜಿಲ್ಲೆಯಲ್ಲಿ ಆಯಿತು ಅಂತ ಅಲ್ಲಿಗೇ ಅಲೆಯಬೇಕಿಲ್ಲ. ಅರ್ಜಿದಾರರು ಇರುವ ಊರಿನ ಕೋರ್ಟಿನಲ್ಲೂ ಹಾಕಬಹುದು. ಗದಗದಲ್ಲೇ ಹಾಕಿ, ಬಸ್ ಚಾರ್ಜು ಉಳಿಯುತ್ತದೆ. ಮುಂದೆ ಅಪೀಲು ಆದರೆ ಧಾರವಾಡ ಹೈಕೋರ್ಟ್ ಪೀಠಕ್ಕೆ ಹೋಗುತ್ತದೆ. ತೀರ್ಪು ಬಂದ 90 ದಿನದೊಳಗೆ.

“ಕೇಸು ನಾವೇ ಹಾಕ್ತೀವಿ” ಅನ್ನುವ ಬೀಗರ ಮಾತಿಗೆ ಬೇಜಾರಾಗಬೇಡಿ, ಹಾಗಂತ ಬಿಟ್ಟೂ ಕೊಡಬೇಡಿ. ಹೆಂಡತಿ, ಮಕ್ಕಳು, ತಾಯಿ ಎಲ್ಲರೂ ಒಂದೇ ಅರ್ಜಿಯಲ್ಲಿ ಇರಬೇಕು. ಎರಡು ಕಡೆ ಎರಡು ಅರ್ಜಿ ಬಿದ್ದರೆ ಖುಷಿಪಡುವುದು ಇನ್ಶೂರೆನ್ಸ್ ಕಂಪನಿ. ಯಾರಿಗೆ ಎಷ್ಟು ಪಾಲು ಅಂತ ಕೋರ್ಟೇ ಹಂಚುತ್ತದೆ. ಮಕ್ಕಳ ಪಾಲು ಅವರಿಗೆ 18 ತುಂಬುವವರೆಗೆ ಬ್ಯಾಂಕಿನಲ್ಲಿ ಎಫ್‌ಡಿ ಆಗಿರುತ್ತದೆ. ತಂಗಿ ಮುಂದೆ ಯಾವತ್ತಾದರೂ ಮತ್ತೆ ಮದುವೆ ಆದರೆ ಹಣ ಹೋಗುತ್ತದೆ ಅಂತ ಯಾರಾದರೂ ಹೆದರಿಸಿದರೆ ಕಿವಿಗೆ ಹಾಕಿಕೊಳ್ಳಬೇಡಿ, ಹಾಗೇನೂ ಇಲ್ಲ.

ಇನ್ಶೂರೆನ್ಸ್ ಇದೆಯೋ ಇಲ್ಲವೋ ಅಂತ ಲಾರಿ ನಂಬರ್ ಹಾಕಿ ಎಂ-ಪರಿವಾಹನ್ ಆ್ಯಪಿನಲ್ಲಿ ನೋಡಿ. ಡ್ರೈವರಿನ ಲೈಸೆನ್ಸ್ ಸರಿ ಇಲ್ಲ ಅಂತ ಕಂಪನಿ ತಕರಾರು ತೆಗೆದರೆ ಬಹಳ ಕೇಸುಗಳಲ್ಲಿ ಕೋರ್ಟು “ಮೊದಲು ನೀವು ಕೊಡಿ, ಆಮೇಲೆ ಮಾಲೀಕನಿಂದ ವಸೂಲು ಮಾಡಿಕೊಳ್ಳಿ” ಅನ್ನುತ್ತದೆ. ಇನ್ಶೂರೆನ್ಸೇ ಇಲ್ಲದಿದ್ದರೆ ಮಾಲೀಕನೇ ಕೊಡಬೇಕು, ಆಗ ವಸೂಲಿ ಕಷ್ಟದ ಕೆಲಸ. ನಿಮ್ಮವರ ಬೈಕಿನ ಪಾಲಿಸಿಯನ್ನೂ ತೆಗೆದು ನೋಡಿ. ಬೈಕು ಅವರ ಹೆಸರಿನಲ್ಲೇ ಇದ್ದು, ಲೈಸೆನ್ಸ್ ಚಾಲ್ತಿಯಲ್ಲಿದ್ದು, ‘ಪಿಎ ಕವರ್ ಓನರ್ ಡ್ರೈವರ್’ (ಗಾಡಿ ಓಡಿಸುವ ಮಾಲೀಕನ ಸ್ವಂತ ಅಪಘಾತ ವಿಮೆ) ಅಂತ ಪಾಲಿಸಿಯಲ್ಲಿ ಕಟ್ಟಿದ್ದರೆ 15 ಲಕ್ಷ ಬೇರೆ ಬರುತ್ತದೆ. ಇದು ಬಹಳ ಜನಕ್ಕೆ ಗೊತ್ತೇ ಇಲ್ಲ. ಹಾಗೆಯೇ ಬ್ಯಾಂಕ್ ಪಾಸ್‌ಬುಕ್ಕಿನಲ್ಲಿ ವರ್ಷಕ್ಕೊಮ್ಮೆ 20 ರೂಪಾಯಿ ಕಡಿತ ಆಗಿದೆಯಾ ನೋಡಿ. ಅದು ಪ್ರಧಾನಮಂತ್ರಿ ಸುರಕ್ಷಾ ಬಿಮಾ, ಅಪಘಾತದ ಸಾವಿಗೆ 2 ಲಕ್ಷ. ತಡವಾಗಿದ್ದರೂ ಬ್ಯಾಂಕಿಗೆ ಹೋಗಿ ಕೇಳಿ. ಇವು ಅವರೇ ಕಟ್ಟಿದ ವಿಮೆಯ ಹಣ. ಇವು ಬಂದವು ಅಂತ ಲಾರಿಯವರು ಕೊಡಬೇಕಾದ್ದರಲ್ಲಿ ಕಡಿಯುವಂತಿಲ್ಲ.

ವಕೀಲರ ಮಾತು. ನಾನೇ ವಕೀಲ, ಆದರೂ ಹೇಳಬೇಕು. ಬಂದ ಹಣದಲ್ಲಿ ಇಷ್ಟು ಪರ್ಸೆಂಟ್ ಅಂತ ಪಾಲು ಮಾತಾಡಿಕೊಳ್ಳುವುದು ಬಾರ್ ಕೌನ್ಸಿಲ್ ನಿಯಮಕ್ಕೆ ವಿರುದ್ಧ. ಹಾಗೆ ಕೇಳುವವರು ಇದ್ದಾರೆ, ಅವರ ಪರವಾಗಿ ಆಸ್ಪತ್ರೆ ಬಾಗಿಲಲ್ಲೇ ನಿಲ್ಲುವ ಏಜೆಂಟರೂ ಇದ್ದಾರೆ. ಫೀ ಎಷ್ಟು ಅಂತ ಮೊದಲೇ ಅಂಕಿಯಲ್ಲಿ ಕೇಳಿ. ಖಾಲಿ ಚೆಕ್ಕು, ಖಾಲಿ ಹಾಳೆ, ಎಟಿಎಂ ಕಾರ್ಡು ಯಾರ ಕೈಗೂ ಕೊಡಬೇಡಿ. ಫೀ ಕೊಡುವ ಶಕ್ತಿ ಇಲ್ಲದಿದ್ದರೆ ಗದಗ ಕೋರ್ಟಿನಲ್ಲೇ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರದ ಕಚೇರಿ ಇದೆ. ಹೆಣ್ಣುಮಕ್ಕಳಿಗೆ, ಮಕ್ಕಳಿಗೆ ಆದಾಯ ಎಷ್ಟೇ ಇದ್ದರೂ ಅಲ್ಲಿ ವಕೀಲರನ್ನು ಪುಕ್ಕಟೆ ಕೊಡುತ್ತಾರೆ. 15100ಕ್ಕೆ ಫೋನ್ ಮಾಡಿಯೂ ಕೇಳಬಹುದು.

ಕೇಸು ಒಂದೂವರೆ ಎರಡು ವರ್ಷ ಹಿಡಿಯಬಹುದು, ಹೆಚ್ಚೂ ಆಗಬಹುದು. ನಡುವೆ ಲೋಕ ಅದಾಲತ್ತಿಗೆ ಕರೆಯುತ್ತಾರೆ. ಹೋಗಿ, ಕೂತು ಕೇಳಿ. ಅಲ್ಲಿ ಒಪ್ಪಿದರೆ ಹಣ ಬೇಗ ಬರುತ್ತದೆ, ಆದರೆ ಅಪೀಲು ಇರುವುದಿಲ್ಲ. ಮೇಲಿನ ಲೆಕ್ಕದ ಚೀಟಿ ಕೈಯಲ್ಲಿ ಹಿಡಿದು ಹೋಗಿ. ಸ್ವಲ್ಪ ಕಡಿಮೆಗೆ ಒಪ್ಪುವುದರಲ್ಲಿ ತಪ್ಪಿಲ್ಲ, ಎಷ್ಟು ಕಡಿಮೆ ಅಂತ ಗೊತ್ತಿದ್ದು ಒಪ್ಪಿ.

ಕೊನೆಗೆ ನಾಳೆಯೇ ಮಾಡುವ ಒಂದು ಸಣ್ಣ ಕೆಲಸ. ಅವರ ಫೋನ್ ಎಲ್ಲಿದೆ ನೋಡಿ. ಗಾಜು ಒಡೆದಿದ್ದರೂ ಪರವಾಗಿಲ್ಲ, ಸಿಮ್ ತೆಗೆದು ಅಳಿಸಿ ಮಕ್ಕಳ ಆಟಕ್ಕೆ ಕೊಡಬೇಡಿ. ಆ ನಂಬರಿಗೆ ರೀಚಾರ್ಜ್ ಹಾಕಿಸಿ ಜೀವಂತ ಇಡಿ. ಮೇಸ್ತ್ರಿ ಶನಿವಾರ ಶನಿವಾರ ಫೋನ್‌ಪೇ ಮಾಡಿದ ಹಣದ ಲೆಕ್ಕ, “ನಾಳೆ ವಿದ್ಯಾನಗರ ಸೈಟಿಗೆ ಬಾ” ಅಂತ ಬಂದ ವಾಟ್ಸ್‌ಆ್ಯಪ್ ಧ್ವನಿ ಎಲ್ಲ ಅದರಲ್ಲೇ ಇರುತ್ತದೆ.